ಲೆಕ್ಕಕ್ಕುಂಟು, ಆಟಕ್ಕಿಲ್ಲ: ಗಡಿಯ ಹಳ್ಳಿಯೂ ಎರಡು ರಾಜ್ಯಗಳ ಪ್ರಜಾಪ್ರಭುತ್ವವೂ

ಸೊಲ್ಲಾಪುರ ಜಿಲ್ಲಾ ಪರಿಷತ್ತಿನ, ಅಕ್ಕಲಕೋಟ ಪಂಚಾಯತ ಸಮಿತಿಯ ಚುನಾವಣೆ ವರ್ಷಗಟ್ಟಲೆ ತಡವಾಯಿತು. 2022ರ ಮಾರ್ಚಿನಲ್ಲಿ ಹಿಂದಿನ ಸದಸ್ಯರ ಅವಧಿ ಮುಗಿಯಿತು. ಅಂದಿನಿಂದ ಮೂರೂವರೆ ವರ್ಷ ಈ ಸಂಸ್ಥೆಗಳನ್ನು ನಡೆಸಿದವರು ಜನರು ಆರಿಸಿದವರಲ್ಲ, ಸರ್ಕಾರ ಕೂರಿಸಿದ ಆಡಳಿತಾಧಿಕಾರಿಗಳು. ಇತರೆ ಹಿಂದುಳಿದ ವರ್ಗಗಳ ಮೀಸಲಾತಿಯ ವಿವಾದ ನ್ಯಾಯಾಲಯದಲ್ಲಿದ್ದುದರಿಂದ ಮಹಾರಾಷ್ಟ್ರದ ಬಹುಪಾಲು ಸ್ಥಳೀಯ ಸಂಸ್ಥೆಗಳಿಗೆ ಇದೇ ಗತಿಯಾಗಿತ್ತು. 2025ರ ಮೇ 6ರಂದು ಸರ್ವೋಚ್ಚ ನ್ಯಾಯಾಲಯವು ನಾಲ್ಕು ತಿಂಗಳೊಳಗೆ ಚುನಾವಣೆ ನಡೆಸಬೇಕೆಂದು ಆದೇಶಿಸಿತು. ಸೆಪ್ಟೆಂಬರಿನಲ್ಲಿ ಆ ಗಡುವನ್ನು 2026ರ ಜನವರಿ 31ಕ್ಕೆ ಮುಂದೂಡಿತು.

ಇದು ರಾಜ್ಯಕ್ಕೆಲ್ಲ ಸಂಬಂಧಿಸಿದ ಸುದ್ದಿಯಾದರೂ ಗಡಿಯ ಕನ್ನಡಿಗರಾದ ನಮಗೆ ಇದರ ತೂಕ ಬೇರೆ. ಸಲಗರ ಬುದ್ರುಕದಂಥ ಗ್ರಾಮದಲ್ಲಿ ನಿಂತು ನೋಡಿದರೆ ಸರ್ಕಾರವೆಂಬುದು ಮುಂಬಯಿಯಲ್ಲಿಲ್ಲ, ದಿಲ್ಲಿಯಲ್ಲಂತೂ ಇಲ್ಲ. ಮಕ್ಕಳು ಓದುವ ಕನ್ನಡ ಶಾಲೆ, ಬಾಣಂತಿಯರು ಹೋಗುವ ಆರೋಗ್ಯ ಕೇಂದ್ರ, ಅಂಗನವಾಡಿ, ಊರಿಂದ ಊರಿಗೆ ಹೋಗುವ ರಸ್ತೆ, ನಲ್ಲಿಯ ನೀರು, ಇವೇ ಸರ್ಕಾರದ ಮುಖ. ಇವುಗಳಲ್ಲಿ ಬಹುಪಾಲು ಜಿಲ್ಲಾ ಪರಿಷತ್ತಿನ ಅಧೀನದಲ್ಲಿವೆ. ಶಾಲೆಗೆ ಕನ್ನಡ ಬಲ್ಲ ಶಿಕ್ಷಕರು ಬರಲಿಲ್ಲವೆಂದರೆ ಕೇಳಬೇಕಾದವರು ಪರಿಷತ್ತಿನ ನಮ್ಮ ಗಟದ ಸದಸ್ಯರು. ಆ ಕುರ್ಚಿಯೇ ಮೂರೂವರೆ ವರ್ಷ ಖಾಲಿ ಇತ್ತು. ಗ್ರಾಮ ಪಂಚಾಯತಿಗೂ ಶಾಸಕರಿಗೂ ನಡುವಣ ಮೆಟ್ಟಿಲನ್ನೇ ಯಾರೋ ಎತ್ತಿಟ್ಟಂತಾಗಿತ್ತು.

ಗಡಿಯ ತಂಟೆಯೆಂದರೆ ಭಾಷೆಯ ಜಗಳವೆಂದೇ ಹೊರಗಿನವರು ತಿಳಿದಿದ್ದಾರೆ. ನಮ್ಮ ಅಭಿಪ್ರಾಯದಲ್ಲಿ ಅದು ಅಷ್ಟೇ ಅಲ್ಲ. ಸ್ವಾತಂತ್ರ್ಯಾನಂತರ ಇಲ್ಲಿ ಕಟ್ಟಿದ ರಾಜ್ಯವ್ಯವಸ್ಥೆ ಗಡಿಯ ಜನರನ್ನು ನೆಲದ ಲೆಕ್ಕದಲ್ಲಿ ಸೇರಿಸಿಕೊಂಡಿತು, ಪೌರರ ಲೆಕ್ಕದಲ್ಲಿ ಪೂರ್ತಿಯಾಗಿ ಸೇರಿಸಿಕೊಳ್ಳಲಿಲ್ಲ. ಅದರ ಭಾರವೂ ಎಲ್ಲ ಕನ್ನಡಿಗರ ಮೇಲೆ ಸಮನಾಗಿ ಬೀಳಲಿಲ್ಲ. ಕೈಯಲ್ಲಿ ಏನೂ ಇಲ್ಲದವರ ಮೇಲೆಯೇ ಹೆಚ್ಚು ಬಿತ್ತು. ಈ ಮಾತನ್ನು ಬಿಡಿಸಿ ಹೇಳುವುದು ಅಗತ್ಯವೆನಿಸುತ್ತದೆ.

ಹನ್ನೊಂದು ಠರಾವುಗಳು ಹೇಳಿದ್ದೇನು

2022ರ ನವೆಂಬರಿನಲ್ಲಿ ಆಗಿನ ಕರ್ನಾಟಕದ ಮುಖ್ಯಮಂತ್ರಿ ಬಸವರಾಜ ಬೊಮ್ಮಾಯಿಯವರು ಜತ್ತ ತಾಲೂಕಿನ ಹಳ್ಳಿಗಳ ಹೆಸರೆತ್ತಿದರು. ಬೆನ್ನಿಗೇ ಸೊಲ್ಲಾಪುರ, ಅಕ್ಕಲಕೋಟಗಳ ಕನ್ನಡ ಪ್ರದೇಶ ಕರ್ನಾಟಕಕ್ಕೆ ಸೇರಬೇಕೆಂದರು. ಮಹಾರಾಷ್ಟ್ರದಲ್ಲಿ ಕೋಲಾಹಲವೆದ್ದಿತು. ಅದೇ ಹೊತ್ತಿಗೆ ನಮ್ಮ ತಾಲೂಕಿನ ಹನ್ನೊಂದು ಗ್ರಾಮ ಪಂಚಾಯತಿಗಳು, ಮೂಲಸೌಕರ್ಯ ಕೊಡದಿದ್ದರೆ ನಮ್ಮನ್ನು ಕರ್ನಾಟಕಕ್ಕೆ ಸೇರಿಸಿರಿ ಎಂಬ ಅರ್ಥದ ಠರಾವುಗಳನ್ನು ಮಾಡಿದವು. ಡಿಸೆಂಬರಿನಲ್ಲಿ ಆಡಳಿತದಿಂದ ನೋಟಿಸುಗಳು ಹೋದವು. ಕೆಲವೇ ದಿನಗಳಲ್ಲಿ ಬಹುತೇಕ ಪಂಚಾಯತಿಗಳು ಠರಾವನ್ನು ಹಿಂದೆ ತೆಗೆದುಕೊಂಡವು.

ಆ ಠರಾವುಗಳನ್ನು ಕರ್ನಾಟಕದ ವಾಹಿನಿಗಳು ಕನ್ನಡಾಭಿಮಾನದ ಗರ್ಜನೆಯೆಂದು ತೋರಿಸಿದವು, ಮಹಾರಾಷ್ಟ್ರದ ವಾಹಿನಿಗಳು ದ್ರೋಹವೆಂಬಂತೆ ತೋರಿಸಿದವು. ಠರಾವುಗಳ ಒಳಗಿದ್ದದ್ದು ರಸ್ತೆ, ನೀರು, ವಿದ್ಯುತ್ತು, ಶಾಲೆ, ಬಸ್ಸು. ಭೀಮೆಯ ಈಚೆ ದಂಡೆಯವರು ಗಡಿಯಾಚೆಯ ಇಂಡಿ, ಅಫಜಲಪುರದ ನೆಂಟರ ಊರುಗಳನ್ನು ನೋಡಿ, ಅಲ್ಲಿಯದನ್ನು ಇಲ್ಲಿಯದರೊಡನೆ ತೂಗಿ ಬರೆದ ಮಾತುಗಳವು. ಹೋಲಿಕೆ ಎಲ್ಲ ವಿಷಯದಲ್ಲೂ ಸರಿಯಾಗಿತ್ತೆಂದು ನಾವು ಹೇಳಲಾರೆವು. ಆಚೆ ದಂಡೆಯಲ್ಲೂ ಕುಂದುಕೊರತೆಗಳಿಗೆ ಬರವಿಲ್ಲ. ಆದರೆ ಕೇಳಿದ್ದು ಸೌಕರ್ಯವನ್ನು. ರಾಜ್ಯ ಬಿಡುವ ಮಾತು ಆ ಕೇಳಿಕೆಗೆ ಕಟ್ಟಿದ ಗಂಟೆ.

ಗಂಟೆ ಕಟ್ಟಬೇಕಾಗಿ ಬಂದುದೇಕೆ? ಆಲ್ಬರ್ಟ್ ಹಿರ್ಷ್‌ಮನ್ ಎಂಬ ಅರ್ಥಶಾಸ್ತ್ರಜ್ಞರು 1970ರಲ್ಲಿ ಪ್ರಕಟಿಸಿದ ಒಂದು ಗ್ರಂಥದಲ್ಲಿ, ಸಂಸ್ಥೆಯೊಂದು ಕೆಟ್ಟಾಗ ಅದರ ಸದಸ್ಯರಿಗಿರುವ ಹಾದಿಗಳು ಮುಖ್ಯವಾಗಿ ಎರಡು ಎಂದು ತೋರಿಸಿದರು: ಒಳಗಿದ್ದು ದನಿಯೆತ್ತುವುದು, ಇಲ್ಲವೇ ಬಿಟ್ಟು ಹೋಗುವುದು. ದನಿಗೆ ಬೆಲೆ ಇಲ್ಲದಾಗ ಬಿಟ್ಟು ಹೋಗುತ್ತೇವೆಂಬ ಮಾತೇ ದನಿಯಾಗುತ್ತದೆ. 2022ರ ಡಿಸೆಂಬರಿಗೆ ಜಿಲ್ಲಾ ಪರಿಷತ್ತೂ ಪಂಚಾಯತ ಸಮಿತಿಯೂ ಜನಪ್ರತಿನಿಧಿಗಳಿಲ್ಲದೆ ಒಂಬತ್ತು ತಿಂಗಳಾಗಿತ್ತು. ಸರಪಂಚರು ಅರ್ಜಿ ಹಿಡಿದು ಹೋದರೆ ಎದುರಿಗಿರುತ್ತಿದ್ದವರು ಅಧಿಕಾರಿಗಳು, ಮರುಚುನಾವಣೆಯ ಭಯವಿಲ್ಲದವರು. ಆಗ ಗ್ರಾಮಸಭೆಯ ಕೈಗೆ ಸಿಕ್ಕ ಏಕೈಕ ಆಯುಧ ಗಡಿ.

ಸಂವಿಧಾನದ 3ನೆಯ ಅನುಚ್ಛೇದದ ಪ್ರಕಾರ ರಾಜ್ಯದ ಗಡಿ ಬದಲಿಸುವ ಅಧಿಕಾರ ಸಂಸತ್ತಿನದು. ರಾಜ್ಯದ ವಿಧಾನಮಂಡಲಕ್ಕೂ ಅಭಿಪ್ರಾಯ ಹೇಳುವ ಅವಕಾಶ ಮಾತ್ರ ಇದೆ. ಅಂದಮೇಲೆ ಗ್ರಾಮ ಪಂಚಾಯತಿಯ ಠರಾವಿನಿಂದ ಒಂದು ಗೇಣು ನೆಲವೂ ಅತ್ತಿತ್ತ ಸರಿಯದು. ಕಾನೂನಿನಲ್ಲಿ ಬಲವಿಲ್ಲದ ಮಾತಿಗೆ ಕಾನೂನಿನ ನೋಟಿಸು ಏಕೆ ಬೇಕಿತ್ತು ಎಂಬುದನ್ನು ವಿಚಾರಿಸಬೇಕು. ರಸ್ತೆಯ ಅರ್ಜಿ ವರ್ಷಗಟ್ಟಲೆ ಕಡತದಲ್ಲಿ ಮಲಗಬಹುದು, ಗಡಿಯ ಮಾತಿಗೆ ಮಾತ್ರ ವಾರದೊಳಗೆ ಉತ್ತರ ಬರುತ್ತದೆ. ಆಡಳಿತಕ್ಕೆ ಯಾವುದು ಮುಖ್ಯ ಎಂಬುದು ಆ ಉತ್ತರದ ವೇಗದಲ್ಲಿಯೇ ತಿಳಿಯಿತು. ಜತ್ತದಲ್ಲಿಯೂ ಹಾಗೆಯೇ ಆಯಿತು: ಗಡಿಯ ಗದ್ದಲವೆದ್ದ ಮೇಲೆ, ಅಲ್ಲಿಯ ನೀರಿಲ್ಲದ ಹಳ್ಳಿಗಳಿಗಾಗಿ ಮ್ಹೈಸಾಳ ಯೋಜನೆಯ ವಿಸ್ತರಣೆಗೆ ಸುಮಾರು 2,000 ಕೋಟಿ ರೂಪಾಯಿಗಳ ಮಾತು ಮುಂಬಯಿಯಿಂದ ಕೇಳಿಬಂದಿತು.

ಊರ ಹೆಸರಿನಲ್ಲಿರುವ ಮೂರು ಪದರ

ಬುದ್ರುಕ ಎಂಬ ಪದ ಕನ್ನಡದ್ದಲ್ಲ, ಮೂಲತಃ ಮರಾಠಿಯದೂ ಅಲ್ಲ. ದೊಡ್ಡದು ಎಂಬರ್ಥದ ಪಾರಸಿಯ ಬುಜುರ್ಗ್ ಎಂಬುದು ಸುಲ್ತಾನರ ಕಂದಾಯದ ದಫ್ತರಗಳಿಂದ ಹಳ್ಳಿಯ ಬಾಯಿಗೆ ಬಂದು ಬುದ್ರುಕ ಆಯಿತು; ಚಿಕ್ಕದಕ್ಕೆ ಖುರ್ದ ಎಂದರು. ಬೆಳಗಾವಿ ಜಿಲ್ಲೆಯ ಉಗಾರ ಬುದ್ರುಕ, ಉಗಾರ ಖುರ್ದಗಳೂ ಇದೇ ಜಾಡಿನವು. ಜನರ ಮಾತು ಕನ್ನಡ, ಕಂದಾಯದ ಗುರುತು ಪಾರಸಿ, ಇಂದಿನ ಉತಾರೆಯ ಲಿಪಿ ಮರಾಠಿ. ಈ ಸೀಮೆಯಲ್ಲಿ ಆಳುವ ದಫ್ತರದ ಭಾಷೆ ಉಳುವವರ ಭಾಷೆಯಾಗಿರಲಿಲ್ಲ ಎಂಬ ದೀರ್ಘ ಚರಿತ್ರೆ ಊರಿನ ಹೆಸರಿನಲ್ಲಿಯೇ ಅಡಗಿದೆ.

ಅಕ್ಕಲಕೋಟವು ಭೋಸಲೆ ಮನೆತನದ ಸಂಸ್ಥಾನವಾಗಿತ್ತು. ಅರಸೊತ್ತಿಗೆಯ ವ್ಯವಹಾರ ಮರಾಠಿಯದು, ಪ್ರಜೆಗಳಲ್ಲಿ ಕನ್ನಡಿಗರು ದೊಡ್ಡ ಸಂಖ್ಯೆಯವರು. 1948ರಲ್ಲಿ ಸಂಸ್ಥಾನ ಮುಂಬಯಿ ಪ್ರಾಂತದಲ್ಲಿ ವಿಲೀನವಾಗಿ ಸೊಲ್ಲಾಪುರ ಜಿಲ್ಲೆಗೆ ಸೇರಿತು. ಆ ದಿನಗಳಲ್ಲಿ ಸೊಲ್ಲಾಪುರ ಕನ್ನಡದ ಅಂಚಲ್ಲ, ಅಂಗಳ. ಸೊನ್ನಲಿಗೆಯ ಸಿದ್ಧರಾಮರ ಊರು. 1950ರಲ್ಲಿ ಕನ್ನಡ ಸಾಹಿತ್ಯ ಸಮ್ಮೇಳನ ನಡೆದ ಊರು. ಮುಂದೆ 1974ರ ಮಂಡ್ಯ ಸಮ್ಮೇಳನದಲ್ಲಿ ಮೊದಲ ಮಹಿಳಾ ಅಧ್ಯಕ್ಷೆಯಾದ ಜಯದೇವಿತಾಯಿ ಲಿಗಾಡೆಯವರ ಊರು. ಏಕೀಕರಣದ ಕನಸಿನಲ್ಲಿ ಈ ಸೀಮೆಯೂ ಪಾಲುದಾರನಾಗಿತ್ತು.

ಫಜಲ್ ಅಲಿಯವರ ಅಧ್ಯಕ್ಷತೆಯ ರಾಜ್ಯ ಪುನರ್ವಿಂಗಡಣಾ ಆಯೋಗ 1955ರಲ್ಲಿ ವರದಿ ಕೊಟ್ಟಿತು. ಹಳ್ಳಿ, ತಾಲೂಕುಗಳನ್ನು ಕತ್ತರಿಸುತ್ತಾ ಹೋಗದೆ ಸಾಮಾನ್ಯವಾಗಿ ಜಿಲ್ಲೆಯನ್ನೇ ಘಟಕವಾಗಿ ಹಿಡಿಯುವುದು ಅದರ ಧೋರಣೆ. ಆಡಳಿತದ ಅನುಕೂಲ ಅದರಲ್ಲಿತ್ತು. ಆದರೆ ಆ ಜಿಲ್ಲೆಗಳನ್ನು ರಚಿಸಿದ್ದು ಬ್ರಿಟಿಷರು, ಕಂದಾಯ ವಸೂಲಿಗಾಗಿ. ಅವರು ಎಳೆದ ಗೆರೆಗಳನ್ನೇ ಹೊಸ ಗಣರಾಜ್ಯವು ಭಾಷಾವಾರು ಪ್ರಾಂತಗಳಿಗೆ ಅಡಿಪಾಯ ಮಾಡಿಕೊಂಡಿತು. 1956ರ ನವೆಂಬರ್ 1ರಂದು ವಿಜಾಪುರ, ಧಾರವಾಡ, ಬೆಳಗಾವಿ, ಉತ್ತರ ಕನ್ನಡ ಜಿಲ್ಲೆಗಳು ಮೈಸೂರು ರಾಜ್ಯಕ್ಕೆ ಹೋದವು. ಸೊಲ್ಲಾಪುರ ಜಿಲ್ಲೆಯೊಳಗಿದ್ದ ಕಾರಣಕ್ಕೆ ಅಕ್ಕಲಕೋಟ ಮುಂಬಯಿಯಲ್ಲಿ ಉಳಿಯಿತು. ಇದು ನಮ್ಮೊಬ್ಬರ ಕಥೆಯಲ್ಲ. 1964ರಲ್ಲಿ ಕೈರೋದಲ್ಲಿ ಸೇರಿದ ಆಫ್ರಿಕಾದ ರಾಷ್ಟ್ರನಾಯಕರು, ಸ್ವಾತಂತ್ರ್ಯ ಬಂದಾಗ ಇದ್ದ ಗಡಿಗಳನ್ನೇ ಮನ್ನಿಸಬೇಕೆಂದು ನಿರ್ಣಯಿಸಿದರು. ಹೊಸ ಗೆರೆಗಳಿಂದ ಹೊಸ ರಕ್ತಪಾತವಾದೀತೆಂಬ ಭಯದಲ್ಲಿ ವಿವೇಕವಿತ್ತು. ಆದರೆ ಗೆರೆಯನ್ನು ಉಳಿಸಿಕೊಂಡವರ ಮೇಲೆ, ಗೆರೆಯ ಮೇಲೆ ಬದುಕುವವರ ಋಣವೂ ಇರುತ್ತದೆ. ಆ ಋಣ ಎಲ್ಲೆಡೆಯೂ ಬಾಕಿ ಉಳಿದಿದೆ.

ಮುಂದಿನದು ಬರೀ ಸಂಖ್ಯೆಗಳ ಕಥೆ. 814 ಗ್ರಾಮ ಕೊಡಿ, 260 ಗ್ರಾಮ ಕೊಡುತ್ತೇವೆ ಎಂದು ಮಹಾರಾಷ್ಟ್ರದ ಕಡೆಯಿಂದ ಮಾತು ಬಂದಿತ್ತು. 1966ರಲ್ಲಿ ನೇಮಕವಾದ ಮೆಹರ್‌ಚಂದ್ ಮಹಾಜನ ಆಯೋಗವು 1967ರಲ್ಲಿ 264 ಗ್ರಾಮಗಳು ಮಹಾರಾಷ್ಟ್ರಕ್ಕೆ, ಅಕ್ಕಲಕೋಟ ಮತ್ತು ದಕ್ಷಿಣ ಸೊಲ್ಲಾಪುರದವೂ ಸೇರಿ 247 ಗ್ರಾಮಗಳು ಕರ್ನಾಟಕಕ್ಕೆ ಎಂದಿತು. ಬೆಳಗಾವಿ ಸಿಗದ ಮಹಾರಾಷ್ಟ್ರ ಅದನ್ನು ತಿರಸ್ಕರಿಸಿತು. 2004ರಲ್ಲಿ ಅದು ಸರ್ವೋಚ್ಚ ನ್ಯಾಯಾಲಯದ ಕದ ತಟ್ಟಿತು. ದಾವೆ ಇನ್ನೂ ಅಲ್ಲಿಯೇ ಇದೆ. 2022ರ ಡಿಸೆಂಬರಿನಲ್ಲಿ ಮಹಾರಾಷ್ಟ್ರದ ವಿಧಾನಮಂಡಲ 865 ಗ್ರಾಮಗಳು ತನ್ನವೆಂದು ಅವಿರೋಧವಾಗಿ ನಿರ್ಣಯಿಸಿದರೆ, ಅದಕ್ಕೆ ಕೆಲವು ದಿನ ಮುಂಚೆ ಕರ್ನಾಟಕದ ಸದನ ಒಂದಿಂಚೂ ಬಿಡೆವೆಂದು ನಿರ್ಣಯಿಸಿತ್ತು.

ಒಂದು ಸಂಗತಿಯನ್ನು ಓದುಗರು ಗಮನಿಸಬೇಕು. ಈ ಕಡೆಯ ಕನ್ನಡ ಹಳ್ಳಿಗಳು ಕನ್ನಡದವು ಎಂಬುದರಲ್ಲಿ ಎರಡೂ ಪಕ್ಷಗಳಿಗೆ ಒಂದು ಕಾಲದಲ್ಲಿ ಅಷ್ಟು ಭಿನ್ನಾಭಿಪ್ರಾಯವಿರಲಿಲ್ಲ. ಆದರೂ ನಮ್ಮ ಪ್ರಶ್ನೆ ಇತ್ಯರ್ಥವಾಗಲಿಲ್ಲ, ಏಕೆಂದರೆ ನಾವು ಬೆಳಗಾವಿಯ ತಕ್ಕಡಿಯಲ್ಲಿಟ್ಟ ಬಟ್ಟುಗಳಾಗಿದ್ದೆವು. ಕರ್ನಾಟಕಕ್ಕೆ ಅಕ್ಕಲಕೋಟ ನೆನಪಾಗುವುದು ಮಹಾರಾಷ್ಟ್ರ ಬೆಳಗಾವಿಯ ಹೆಸರೆತ್ತಿದಾಗ. ಆಟಕ್ಕುಂಟು ಲೆಕ್ಕಕ್ಕಿಲ್ಲ ಎಂಬ ಗಾದೆ ನಮ್ಮ ಪಾಲಿಗೆ ತಿರುವುಮುರುವಾಗಿದೆ. ಲೆಕ್ಕದಲ್ಲಿ ನಾವು ಯಾವಾಗಲೂ ಇದ್ದೇವೆ. ಆಟದಲ್ಲಿ ನಮಗೆ ಕೈಯಿಲ್ಲ.

ಕಬ್ಬು, ಕಾರ್ಖಾನೆ, ಕುರ್ಚಿ

ಹಾಗಾದರೆ ಇಲ್ಲಿಯ ಕನ್ನಡಿಗರಿಗೆ ಅಧಿಕಾರವೇ ದಕ್ಕಲಿಲ್ಲವೇ? ದಕ್ಕಿದೆ. ಅಕ್ಕಲಕೋಟದ ವಿಧಾನಸಭಾ ಕ್ಷೇತ್ರದಿಂದ ಆರಿಸಿ ಬಂದವರಲ್ಲಿ ಮನೆಯಲ್ಲಿ ಕನ್ನಡ ಬಲ್ಲವರೇ ಹೆಚ್ಚು. ಸಹಕಾರಿ ಸಂಘ, ಮಾರುಕಟ್ಟೆ ಸಮಿತಿ, ಶಿಕ್ಷಣ ಸಂಸ್ಥೆಗಳ ಆಡಳಿತ ಮಂಡಳಿಗಳಲ್ಲಿಯೂ ಕನ್ನಡದ ಅಡ್ಡಹೆಸರುಗಳು ವಿರಳವಲ್ಲ. ಪ್ರಚಾರದ ಸಭೆಯಲ್ಲಿ ನಾಯಕರು ಒಳ್ಳೆಯ ಕನ್ನಡದಲ್ಲಿಯೇ ಮಾತನಾಡುತ್ತಾರೆ. ಆದರೂ ಕನ್ನಡ ಶಾಲೆಯ ಶಿಕ್ಷಕರ ಕೊರತೆ ವಿಧಾನಸಭೆಯ ದೊಡ್ಡ ಪ್ರಶ್ನೆಯಾಗುವುದಿಲ್ಲ. ಇದರ ಕಾರಣವನ್ನು ಭಾಷೆಯಲ್ಲಿ ಹುಡುಕಿದರೆ ಸಿಗದು, ವರ್ಗದಲ್ಲಿ ಹುಡುಕಬೇಕು.

ಡಾ. ಬಿ. ಆರ್. ಅಂಬೇಡ್ಕರರು 1955ರಲ್ಲಿಯೇ ಭಾಷಾವಾರು ರಾಜ್ಯಗಳ ಕುರಿತ ತಮ್ಮ ಪುಸ್ತಿಕೆಯಲ್ಲಿ ಎಚ್ಚರಿಸಿದ್ದರು. ಒಂದು ರಾಜ್ಯಕ್ಕೆ ಒಂದು ಭಾಷೆ ಎಂಬ ತತ್ತ್ವ ಅವರಿಗೆ ಸಮ್ಮತವಾಗಿತ್ತು. ಆದರೆ ಅಂಥ ರಾಜ್ಯದಲ್ಲಿ ಸಂಖ್ಯೆಯೂ ಭೂಮಿಯೂ ಇರುವ ಒಂದು ದೊಡ್ಡ ಜಾತಿಯು ಚದುರಿದ ಸಣ್ಣ ಸಮುದಾಯಗಳ ಮೇಲೆ ಸವಾರಿ ಮಾಡುತ್ತದೆ ಎಂದು ಅವರು ಕಂಡಿದ್ದರು. ಆಂಧ್ರದಲ್ಲಿ ರೆಡ್ಡಿಗಳು, ಮಹಾರಾಷ್ಟ್ರದಲ್ಲಿ ಮರಾಠರು ಎಂದು ಹೆಸರಿಟ್ಟೇ ಬರೆದಿದ್ದರು. ಮಹಾರಾಷ್ಟ್ರವನ್ನು ನಾಲ್ಕು ಭಾಗ ಮಾಡಬೇಕೆಂಬ ಅವರ ಸಲಹೆಯ ಹಿಂದೆಯೂ ಈ ವಿಚಾರವಿತ್ತು.

ಪಶ್ಚಿಮ ಮಹಾರಾಷ್ಟ್ರದಲ್ಲಿ ಆ ಸವಾರಿಗೆ ಕುದುರೆಯಾದದ್ದು ಸಕ್ಕರೆಯ ಸಹಕಾರ. 1950ರ ಸುಮಾರಿಗೆ ಪ್ರವರಾನಗರದಲ್ಲಿ ವಿಠ್ಠಲರಾವ ವಿಖೆ ಪಾಟೀಲರೂ ಧನಂಜಯರಾವ ಗಾಡಗೀಳರೂ ರೈತರ ಸ್ವಂತ ಕಾರ್ಖಾನೆಯನ್ನು ಕಟ್ಟಿದಾಗ ಅದು ಸಾಹುಕಾರರ ಹಿಡಿತದಿಂದ ಬಿಡುಗಡೆಯ ದಾರಿಯಾಗಿತ್ತು. ಕ್ರಮೇಣ ಕಾರ್ಖಾನೆಯ ಅಧ್ಯಕ್ಷಗಿರಿ, ಜಿಲ್ಲಾ ಮಧ್ಯವರ್ತಿ ಬ್ಯಾಂಕು, ಜಿಲ್ಲಾ ಪರಿಷತ್ತು, ಶಾಸಕತ್ವ ಇವೆಲ್ಲ ಒಂದೇ ಏಣಿಯ ಮೆಟ್ಟಿಲುಗಳಾದವು. ನಮ್ಮ ಸೀಮೆಯ ಭೂಮಾಲೀಕ ಕನ್ನಡಿಗರು, ಮುಖ್ಯವಾಗಿ ಲಿಂಗಾಯತ ಮನೆತನಗಳು, ಆ ಏಣಿಯನ್ನು ಏರಿದವು. ಏರಲು ಬೇಕಾದದ್ದು ಮರಾಠಿ. ಅವರ ಮಕ್ಕಳು ಮೊದಲು ಮರಾಠಿ ಶಾಲೆಗೂ ಆಮೇಲೆ ಇಂಗ್ಲಿಷ್ ಶಾಲೆಗೂ ಹೋದರು. ಇದನ್ನು ನಾವು ಅಪರಾಧವೆನ್ನುವುದಿಲ್ಲ. ಯಾವ ತಂದೆತಾಯಿಯೂ ಅದನ್ನೇ ಮಾಡಿಯಾರು. ಆದರೆ ಅದರ ಫಲವಾಗಿ ಕನ್ನಡ ಶಾಲೆಯಲ್ಲಿ ಉಳಿದವರು ಒಣಬೇಸಾಯದ ಸಣ್ಣ ರೈತರ, ಕೂಲಿಕಾರರ, ದಲಿತರ, ಕುರುಬರ, ಬೀಡಿ ಕಟ್ಟುವ ಹೆಣ್ಣುಮಕ್ಕಳ, ಮುಕಾದಮನಿಂದ ಉಚಲ ಪಡೆದು ಕಬ್ಬು ಕಡಿಯಲು ಟೋಳಿ ಕಟ್ಟಿಕೊಂಡು ಹೋಗುವವರ ಮಕ್ಕಳು. ಭಾಷೆಯ ಪ್ರಶ್ನೆ ಬಡವರ ಪ್ರಶ್ನೆಯಾಯಿತು; ಬಡವರ ಪ್ರಶ್ನೆಗೆ ಏಣಿಯ ಮೇಲಿನ ಮೆಟ್ಟಿಲಲ್ಲಿ ವಾರಸುದಾರರಿಲ್ಲ.

ಗಡಿ ಯಾರಿಗೆ ಗೋಡೆ, ಯಾರಿಗೆ ಬಾಗಿಲು ಎಂಬುದನ್ನೂ ವರ್ಗವೇ ತೀರ್ಮಾನಿಸುತ್ತದೆ. 2023ರ ಸೆಪ್ಟೆಂಬರಿನಲ್ಲಿ ಮಹಾರಾಷ್ಟ್ರ ಸರ್ಕಾರವು ಹೊರರಾಜ್ಯಗಳಿಗೆ ಕಬ್ಬು ಸಾಗಿಸುವುದನ್ನು ನಿಷೇಧಿಸಿತು. ಮಳೆ ಕೈಕೊಟ್ಟು ಕಬ್ಬು ಕಡಿಮೆಯಾದ ವರ್ಷ, ಇಲ್ಲಿಯ ಕಾರ್ಖಾನೆಗಳಿಗೆ ಕಬ್ಬು ಸಾಲದೆಂಬ ಚಿಂತೆ. ಆಚೆ ದಂಡೆಯ ಕಾರ್ಖಾನೆ ಹೆಚ್ಚಿನ ದರ ಕೊಟ್ಟರೂ ರೈತನು ಒಯ್ಯಕೂಡದು. ರೈತ ಸಂಘಟನೆಗಳು ಎದ್ದು ನಿಂತ ಮೇಲೆ ಕೆಲವೇ ದಿನಗಳಲ್ಲಿ ಆ ಆದೇಶ ಹಿಂದೆ ಹೋಯಿತು. 2022ರ ಡಿಸೆಂಬರಿನಲ್ಲಿಯೂ 2025ರ ಫೆಬ್ರುವರಿಯಲ್ಲಿಯೂ ಭಾಷೆಯ ಗಲಾಟೆಯಿಂದ ಎರಡು ರಾಜ್ಯಗಳ ನಡುವಣ ಬಸ್ಸುಗಳು ನಿಂತಾಗ, ಸ್ವಂತ ವಾಹನವಿದ್ದವರ ಪಯಣ ನಿಲ್ಲಲಿಲ್ಲ. ಕಲಬುರಗಿಯ ಆಸ್ಪತ್ರೆಗೆ, ವಿಜಾಪುರದ ಸಂತೆಗೆ, ತವರಿಗೆ ಹೋಗಬೇಕಾದವರು ನಿಲ್ದಾಣದಲ್ಲಿ ಕುಳಿತರು.

ಹಮ್ಜಾ ಅಲವಿ ಎಂಬ ಚಿಂತಕರು 1972ರಲ್ಲಿ ಪಾಕಿಸ್ತಾನ, ಬಾಂಗ್ಲಾದೇಶಗಳನ್ನು ಕುರಿತು ಬರೆಯುತ್ತ, ವಸಾಹತು ಆಳಿಕೆಯಿಂದ ಬಂದ ರಾಜ್ಯಯಂತ್ರವು ಅಲ್ಲಿಯ ಸಮಾಜದ ಅಳತೆಗೆ ಮೀರಿ ಬೆಳೆದದ್ದು ಎಂದು ವಾದಿಸಿದರು: ಪ್ರಜೆಗಳನ್ನು ಹತೋಟಿಯಲ್ಲಿಡಲು ಕಟ್ಟಿದ ಕಚೇರಿಗಳೇ ಸ್ವತಂತ್ರ ರಾಷ್ಟ್ರದ ಬೆನ್ನೆಲುಬಾದವು. ಭಾರತದ ಸ್ಥಿತಿ ಹಾಗೆಯೇ ಇಲ್ಲ. ಇಲ್ಲಿ ಮತಪೆಟ್ಟಿಗೆಯು ಗ್ರಾಮೀಣ ಭೂಮಾಲೀಕರನ್ನು ಆ ಯಂತ್ರದ ಪಾಲುದಾರರನ್ನಾಗಿ ಮಾಡಿತು. 1993ರಲ್ಲಿ ಜಾರಿಗೆ ಬಂದ 73ನೆಯ ತಿದ್ದುಪಡಿ ಮಹಿಳೆಯರಿಗೂ ಪರಿಶಿಷ್ಟರಿಗೂ ಪಂಚಾಯತಿಯ ಬಾಗಿಲನ್ನು ತೆರೆಯಿತು. ಆದರೆ ಚುನಾವಣೆ ತಪ್ಪಿದೊಡನೆ ಏನಾಗುತ್ತದೆ ಎಂಬುದನ್ನು ಈ ಮೂರೂವರೆ ವರ್ಷ ತೋರಿಸಿದೆ. ಹಣವುಳ್ಳವರು ಆಡಳಿತಾಧಿಕಾರಿಯ ಕೋಣೆಗೂ ಹೋಗಬಲ್ಲರು. ಅಲ್ಲಿಗೆ ಹೋಗಲಾರದವರು ಯಾರೋ, ಅವರೇ ಪ್ರಜಾಪ್ರಭುತ್ವವನ್ನು ಕಳೆದುಕೊಂಡರು.

ಶಾಲೆಯ ಬಾಗಿಲು, ಕಚೇರಿಯ ಕಿಟಕಿ

ನಾವು ಹೊಸ ಹಕ್ಕನ್ನು ಕೇಳುತ್ತಿಲ್ಲ. ಗಡಿ ಎಳೆದ ವರ್ಷವೇ, ಅಂದರೆ 1956ರಲ್ಲಿಯೇ, 7ನೆಯ ತಿದ್ದುಪಡಿಯ ಮೂಲಕ ಸಂವಿಧಾನಕ್ಕೆ 350ಎ ಮತ್ತು 350ಬಿ ಅನುಚ್ಛೇದಗಳು ಸೇರಿದವು. ಭಾಷಾ ಅಲ್ಪಸಂಖ್ಯಾತರ ಮಕ್ಕಳಿಗೆ ಪ್ರಾಥಮಿಕ ಹಂತದಲ್ಲಿ ತಾಯ್ನುಡಿಯ ಶಿಕ್ಷಣಕ್ಕೆ ಸಾಕಷ್ಟು ಸೌಕರ್ಯ ಒದಗಿಸುವುದು ರಾಜ್ಯದ ಕರ್ತವ್ಯ. ಅದನ್ನು ನೋಡಿಕೊಳ್ಳಲು ಒಬ್ಬ ವಿಶೇಷ ಅಧಿಕಾರಿ. 1949ರ ಶಿಕ್ಷಣ ಸಚಿವರ ಸಮ್ಮೇಳನವು ಶಾಲೆಯಲ್ಲಿ 40 ಅಥವಾ ತರಗತಿಯಲ್ಲಿ 10 ಮಕ್ಕಳಿದ್ದರೆ ಆ ಭಾಷೆಯ ಶಿಕ್ಷಕರನ್ನು ಕೊಡಬೇಕೆಂದು ಒಪ್ಪಿತ್ತು. 1956ರ ಕೇಂದ್ರದ ಜ್ಞಾಪನಪತ್ರದಂತೆ, ಒಂದು ಪ್ರದೇಶದ ಜನಸಂಖ್ಯೆಯಲ್ಲಿ ಶೇಕಡ 15ರಿಂದ 20ರಷ್ಟು ಅಲ್ಪಸಂಖ್ಯಾತ ಭಾಷಿಕರಿದ್ದರೆ ಮುಖ್ಯವಾದ ಸರ್ಕಾರಿ ಸೂಚನೆಗಳು, ನಿಯಮಗಳು ಅವರ ಭಾಷೆಯಲ್ಲೂ ಪ್ರಕಟವಾಗಬೇಕು. ಅಕ್ಕಲಕೋಟ ತಾಲೂಕಿನಲ್ಲಿ ಕನ್ನಡಿಗರ ಪ್ರಮಾಣ ಈ ಮಿತಿಯನ್ನು ಎಂದೋ ದಾಟಿದೆ ಎಂಬುದನ್ನು ಯಾರೂ ಅಲ್ಲಗಳೆಯಲಾರರು. 2011ರ ಜನಗಣತಿಯ ಪ್ರಕಾರ ಮಹಾರಾಷ್ಟ್ರದಲ್ಲಿ ಕನ್ನಡ ಮಾತೃಭಾಷಿಕರು ಸುಮಾರು 10 ಲಕ್ಷ.

ಮಹಾರಾಷ್ಟ್ರವು ಈ ವಿಷಯದಲ್ಲಿ ಏನೂ ಮಾಡಿಲ್ಲವೆನ್ನುವುದು ನ್ಯಾಯವಲ್ಲ. ಜಿಲ್ಲಾ ಪರಿಷತ್ತಿನ ಕನ್ನಡ ಶಾಲೆಗಳು ಇಂದಿಗೂ ನಡೆಯುತ್ತಿವೆ, ಪುಣೆಯ ಬಾಲಭಾರತಿ ಕನ್ನಡದಲ್ಲಿಯೂ ಪಠ್ಯಪುಸ್ತಕಗಳನ್ನು ಅಚ್ಚು ಹಾಕುತ್ತದೆ, ಹತ್ತನೆಯ ತರಗತಿಯ ಪರೀಕ್ಷೆಯನ್ನು ಕನ್ನಡದಲ್ಲಿ ಬರೆಯಬಹುದು. ಶಾಲೆಯ ಬಾಗಿಲು ತೆರೆದಿದೆ. ತೊಂದರೆ ಇರುವುದು ಬಾಗಿಲಿನಾಚೆ. ಕನ್ನಡದಲ್ಲಿ ಓದಿದ ಹುಡುಗಿ ದೊಡ್ಡವಳಾಗಿ ತಲಾಠಿಯ ಬಳಿಗೆ ಹೋದರೆ ಸಾತಬಾರಾ ಉತಾರೆ ಮರಾಠಿಯಲ್ಲಿ. ತಹಶೀಲಿನ ನೋಟಿಸು ಮರಾಠಿಯಲ್ಲಿ. ಬೆಳೆವಿಮೆಯ ಅರ್ಜಿ, ಪಡಿತರದ ದೂರು ಮರಾಠಿಯಲ್ಲಿ. 1964ರ ರಾಜಭಾಷಾ ಅಧಿನಿಯಮದಡಿ ಮರಾಠಿ ಆಡಳಿತ ಭಾಷೆ. 2021ರ ತಿದ್ದುಪಡಿ ಅದನ್ನು ಸ್ಥಳೀಯ ಸಂಸ್ಥೆಗಳಿಗೂ ಬಿಗಿಗೊಳಿಸಿತು. ರಾಜ್ಯಕ್ಕೆ ಒಂದು ಆಡಳಿತ ಭಾಷೆ ಇರಬೇಕೆಂಬುದನ್ನು ನಾವು ವಿರೋಧಿಸುವುದಿಲ್ಲ. ಮರಾಠಿ ಕಲಿಯುವುದರಲ್ಲಿ ನಮ್ಮವರು ಹಿಂದೆ ಬಿದ್ದವರೂ ಅಲ್ಲ. ಆದರೆ ನೋಟಿಸಿನ ಕೆಳಗೆ ಹತ್ತು ಸಾಲು ಕನ್ನಡ ಅಚ್ಚಾದರೆ ಮರಾಠಿಗೆ ಏನು ಕುಂದು? ಓದಲಾರದ ನೋಟಿಸು ಕೈಗೆ ಬಂದಾಗ ಬಡವನು ಓದಿ ಹೇಳುವವನನ್ನು ಹುಡುಕುತ್ತಾನೆ, ಅವನ ಋಣಕ್ಕೆ ಬೀಳುತ್ತಾನೆ. ಮಧ್ಯವರ್ತಿಯ ಅಧಿಕಾರ ಹುಟ್ಟುವುದು ಆ ಜಾಗದಲ್ಲಿ.

2025ರ ಏಪ್ರಿಲಿನಲ್ಲಿ ಮಹಾರಾಷ್ಟ್ರ ಸರ್ಕಾರವು ಒಂದನೆಯ ತರಗತಿಯಿಂದಲೇ ಹಿಂದಿಯನ್ನು ಮೂರನೆಯ ಭಾಷೆಯಾಗಿ ಕಲಿಸುವ ಆದೇಶ ಹೊರಡಿಸಿದಾಗ ಮರಾಠಿ ಸಮಾಜ ಒಕ್ಕೊರಲಿನಿಂದ ಎದ್ದಿತು. ಆರು ವರ್ಷದ ಮಗುವಿನ ಮೇಲೆ ಪರಭಾಷೆಯ ಹೊರೆ ಹೇರಬಾರದು, ತಾಯ್ನುಡಿಯಲ್ಲಿ ಬೇರೂರಿದ ಮೇಲೆ ಉಳಿದ ಭಾಷೆಗಳು ತಾವಾಗಿ ಬರುತ್ತವೆ ಎಂದು ಶಿಕ್ಷಣತಜ್ಞರು ವಾದಿಸಿದರು. ಜೂನ್ 29ರಂದು ಸರ್ಕಾರ ಆದೇಶಗಳನ್ನು ಹಿಂದಕ್ಕೆ ಪಡೆಯಿತು. ಆ ವಾದದ ಒಂದೊಂದು ಮಾತೂ ನಮಗೆ ಒಪ್ಪಿಗೆ. ಒಂದೇ ವಿನಂತಿ: ಅದೇ ಮಾತು ಅಕ್ಕಲಕೋಟದ ಕನ್ನಡದ ಮಗುವಿಗೂ ಅನ್ವಯಿಸಲಿ.

ನೆರೆಯವರ ಅಲ್ಪಸಂಖ್ಯಾತರ ಮೇಲಿನ ಪ್ರೀತಿ

2023ರಲ್ಲಿ ಮಹಾರಾಷ್ಟ್ರವು ತನ್ನ ಮಹಾತ್ಮಾ ಫುಲೆ ಜನಾರೋಗ್ಯ ಯೋಜನೆಯನ್ನು ಕರ್ನಾಟಕದೊಳಗಿನ 865 ಗ್ರಾಮಗಳ ಮರಾಠಿಗರಿಗೆ ವಿಸ್ತರಿಸಲು 54 ಕೋಟಿ ರೂಪಾಯಿ ಎತ್ತಿಟ್ಟಿತು. ಕರ್ನಾಟಕ ಅದನ್ನು ಖಂಡಿಸಿತು. ಕರ್ನಾಟಕವು ಮಹಾರಾಷ್ಟ್ರದ ಕನ್ನಡ ಶಾಲೆಗಳಿಗೆ ಅನುದಾನದ ಮಾತಾಡುತ್ತದೆ. ಅದು ಮಹಾರಾಷ್ಟ್ರಕ್ಕೆ ರುಚಿಸುವುದಿಲ್ಲ. ಎರಡೂ ಸರ್ಕಾರಗಳಿಗೆ ನೆರೆಯ ರಾಜ್ಯದ ಅಲ್ಪಸಂಖ್ಯಾತರ ಮೇಲೆ ಪ್ರೀತಿ. ತಮ್ಮಲ್ಲಿಯ ಅಲ್ಪಸಂಖ್ಯಾತರ ಮೇಲೆ ಸಂಶಯ. ಬಂದ ಸಹಾಯವನ್ನು ನಾವು ನಿರಾಕರಿಸಬೇಕಿಲ್ಲ. ಕರ್ನಾಟಕದ ವೃತ್ತಿಶಿಕ್ಷಣದ ಪ್ರವೇಶದಲ್ಲಿ ಅಕ್ಕಲಕೋಟ, ದಕ್ಷಿಣ ಸೊಲ್ಲಾಪುರ, ಜತ್ತ ಮೊದಲಾದ ತಾಲೂಕುಗಳ ಗಡಿನಾಡು ಕನ್ನಡಿಗರಿಗೆ ಅವಕಾಶವಿದೆ, ಅದರಿಂದ ಕೆಲವರು ವೈದ್ಯರೂ ಎಂಜಿನಿಯರರೂ ಆಗಿದ್ದಾರೆ. ಆದರೆ ಆ ಬಾಗಿಲಿನವರೆಗೆ ತಲುಪಲು ವಿಜ್ಞಾನದ ಹನ್ನೆರಡನೆಯ ತರಗತಿಯನ್ನು ದಾಟಿರಬೇಕು. ಕಬ್ಬು ಕಡಿಯುವ ಕಾಲದಲ್ಲಿ ತಾಯಿತಂದೆಯರ ಹಿಂದೆ ಹೋಗಿ ಅರ್ಧ ವರ್ಷ ಶಾಲೆ ತಪ್ಪಿಸಿಕೊಂಡ ಮಗು ಅಲ್ಲಿಗೆ ತಲುಪುವುದು ಹೇಗೆ?

ಬೆಳಗಾವಿ, ಖಾನಾಪುರ, ನಿಪ್ಪಾಣಿಗಳ ಮರಾಠಿ ರೈತನೂ ಇದೇ ದೂರನ್ನು ಹೇಳುತ್ತಾನೆ: ಪಹಣಿ ಕನ್ನಡದಲ್ಲಿದೆ, ನನಗೆ ಓದಲು ಬಾರದು ಎಂದು. ಇಲ್ಲಿ ನಾವು ಕೇಳುವುದನ್ನು ಅಲ್ಲಿ ಅವನಿಗೆ ಕೊಡಬಾರದೆಂದು ಹೇಳಿದರೆ ನಮ್ಮ ಬೇಡಿಕೆಗೆ ನೀತಿಯ ಬಲವಿರುವುದಿಲ್ಲ. 1956ರ ಜ್ಞಾಪನಪತ್ರ ಭೀಮೆಯ ಎರಡೂ ದಂಡೆಗಳಿಗೆ ಸಮಾನ. ಕರ್ನಾಟಕ ಸರ್ಕಾರಕ್ಕೆ ಅಕ್ಕಲಕೋಟದ ಕನ್ನಡಿಗರ ಹಿತ ನಿಜವಾಗಿ ಬೇಕಾಗಿದ್ದರೆ, ಅದು ಮಾಡಬಹುದಾದ ದೊಡ್ಡ ಉಪಕಾರ ಬೆಳಗಾವಿಯ ಮರಾಠಿ ಹಳ್ಳಿಗಳಲ್ಲಿ ಆ ನಿಯಮವನ್ನು ಅಕ್ಷರಶಃ ನಡೆಸಿ ತೋರಿಸುವುದು. ಆಗ ಮುಂಬಯಿಯನ್ನು ಕೇಳುವ ಬಾಯಿ ನಮಗೆ ಬರುತ್ತದೆ.

2022ರ ಡಿಸೆಂಬರ್ 14ರಂದು ಕೇಂದ್ರ ಗೃಹಸಚಿವರು ಇಬ್ಬರು ಮುಖ್ಯಮಂತ್ರಿಗಳನ್ನೂ ಕೂರಿಸಿಕೊಂಡು, ತೀರ್ಪು ಬರುವವರೆಗೆ ಯಾರೂ ಹಕ್ಕು ಸಾಧಿಸಬಾರದು, ಎರಡೂ ಕಡೆಯ ಮೂವರು ಮೂವರು ಸಚಿವರ ಸಮಿತಿ ಮಾತಾಡಲಿ ಎಂದರು. ದಾವೆ ಹೂಡಿ ಇಪ್ಪತ್ತು ವರ್ಷ ದಾಟಿದೆ. ತೀರ್ಪು ಬರುವವರೆಗೆ ಗಡಿ ಕಾಯಬಹುದು. ನಾಲ್ಕನೆಯ ತರಗತಿಯ ಮಗುವಿಗೆ ಕಾಯುವಷ್ಟು ಬಾಲ್ಯವಿಲ್ಲ.

ಮತ ಕೇಳಲು ಬರುವವರಿಗೆ

ಚುನಾವಣೆ ಬಂದಾಗ ಎಲ್ಲ ಪಕ್ಷಗಳ ಅಭ್ಯರ್ಥಿಗಳೂ ನಮ್ಮ ಓಣಿಗಳಿಗೆ ಬರುತ್ತಾರೆ, ಕನ್ನಡದಲ್ಲಿಯೇ ಕೈಮುಗಿಯುತ್ತಾರೆ. ಗಡಿ ಯಾವ ಕಡೆ ಹೋಗಬೇಕೆಂದು ಅವರನ್ನು ಕೇಳಿ ಫಲವಿಲ್ಲ; ಅದು ಅವರ ಕೈಯಲ್ಲಿಲ್ಲ. ಅವರ ಕೈಯಲ್ಲಿರುವುದನ್ನು ಕೇಳೋಣ. ಕನ್ನಡ ಶಾಲೆಯಲ್ಲಿ ಖಾಲಿ ಇರುವ ಶಿಕ್ಷಕರ ಜಾಗಗಳ ಪಟ್ಟಿಯನ್ನು ಪರಿಷತ್ತಿನ ಮೊದಲ ಸಭೆಯಲ್ಲಿಯೇ ಮಂಡಿಸುವಿರಾ? ಕನ್ನಡ ಬಾರದ ಶಿಕ್ಷಕರನ್ನು ಕನ್ನಡ ಶಾಲೆಗೆ ಹಾಕಿದರೆ ವಿರೋಧಿಸುವಿರಾ? ಏಳನೆಯ ತರಗತಿಯ ಮುಂದೆ ಕನ್ನಡ ಮಾಧ್ಯಮದ ಪ್ರೌಢಶಾಲೆ ನಡೆದು ಹೋಗುವ ದೂರದಲ್ಲಿ ಇಲ್ಲದ ಊರುಗಳ ಹೆಣ್ಣುಮಕ್ಕಳಿಗೆ ಬಸ್ಸು ಕೊಡಿಸುವಿರಾ? ಪಂಚಾಯತ ಸಮಿತಿಯ ಸೂಚನೆಗಳನ್ನು ಮರಾಠಿಯ ಜೊತೆಗೆ ಕನ್ನಡದಲ್ಲಿಯೂ ಹಚ್ಚಿಸುವಿರಾ? ಆರೋಗ್ಯ ಕೇಂದ್ರದಲ್ಲಿ ಕನ್ನಡ ತಿಳಿಯುವ ಒಬ್ಬರಾದರೂ ಇರುವಂತೆ ನೋಡಿಕೊಳ್ಳುವಿರಾ? ಕಬ್ಬು ಕಡಿಯಲು ಹೋಗುವವರ ಮಕ್ಕಳು ಊರಲ್ಲಿಯೇ ಉಳಿದು ಓದಲು ಹಂಗಾಮಿ ವಸತಿಯ ಏರ್ಪಾಡು ಮಾಡುವಿರಾ?

ಇವುಗಳಲ್ಲಿ ಒಂದಕ್ಕೂ ಸಂಸತ್ತಿನ ಕಾಯಿದೆ ಬೇಕಿಲ್ಲ, ಸರ್ವೋಚ್ಚ ನ್ಯಾಯಾಲಯದ ತೀರ್ಪು ಬೇಕಿಲ್ಲ. ಬೇಕಾದದ್ದು ಕೇಳಿದವರು ಯಾರು ಎಂದು ನೋಡದೆ ಕೇಳಿದ್ದೇನು ಎಂದು ನೋಡುವ ಒಬ್ಬ ಸದಸ್ಯ, ಮತ್ತು ಐದು ವರ್ಷ ಬಿಡದೆ ಕೇಳುವ ಗ್ರಾಮಸಭೆ. 2022ರಲ್ಲಿ ಹನ್ನೊಂದು ಊರುಗಳು ಗಡಿಯ ಹೆಸರಿನಲ್ಲಿ ಕೇಳಿ ನೋಟಿಸು ಪಡೆದವು. ಈ ಸಲ ಮತದಾರರಾಗಿ ಕೇಳೋಣ. ಅದಕ್ಕೆ ನೋಟಿಸು ಕೊಡುವ ಅಧಿಕಾರ ಯಾವ ಕಚೇರಿಗೂ ಇಲ್ಲ.